ಬಂಗುಡೆ ಸುಶಿ: ಪುರವಣಿಗೊಂದು ತಿದ್ದುಪಡಿ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ನಿಮ್ಮ ಪುರವಣಿಯಲ್ಲಿ ‘ಮನೆಯಲ್ಲೇ ಸುಶಿ’ ಎಂಬ ಪಾಕವಿಧಾನ ಬಂದಿದೆ. ಸುಶಿ ಎಂದರೆ ವಿನೆಗರ್ ಹಾಕಿದ ಅನ್ನದ ಜೊತೆ ಮೀನನ್ನೋ ತರಕಾರಿಯನ್ನೋ ಸೇರಿಸಿ ಮಾಡುವ ಜಪಾನಿನ ತಿನಿಸು. ಚಿತ್ರ ಚೆನ್ನಾಗಿದೆ, ತಟ್ಟೆಯೂ ಚೆನ್ನಾಗಿದೆ. ಆದರೆ ಬೆಳಿಗ್ಗೆ ಮಾರುಕಟ್ಟೆಗೆ ಬಂದ ತಾಜಾ ಬಂಗುಡೆ ಇಲ್ಲವೇ ಅಂಜಲ್ ತಂದು, ತೆಳ್ಳಗೆ ಹೆಚ್ಚಿ, ಇಪ್ಪತ್ತು ನಿಮಿಷ ವಿನೆಗರ್‌ನಲ್ಲಿ ನೆನೆಸಿದರೆ ಕ್ರಿಮಿಗಳೆಲ್ಲ ಸಾಯುತ್ತವೆ, ಆಮೇಲೆ ಹಸಿಯಾಗಿಯೇ ಅನ್ನದ ಮೇಲಿಟ್ಟು ತಿನ್ನಬಹುದು ಎಂದು ಅದರಲ್ಲಿ ಬರೆದಿದೆ. ಸಾಯುವುದಿಲ್ಲ. ಅದಕ್ಕೇ ಈ ಪತ್ರ.

ನಾನು ಮಲ್ಪೆಯವನು. ನನ್ನ ನೌಕರಿಯೆಲ್ಲ ಮೀನು ಸಂಸ್ಕರಣೆಯ ಕಾರ್ಖಾನೆಯೊಂದರ ಫ್ರೀಜಿಂಗ್ ವಿಭಾಗದಲ್ಲೇ ಕಳೆಯಿತು. ಸಿಗಡಿ, ಬೊಂಡಾಸು, ರಿಬ್ಬನ್ ಫಿಶ್, ಏನು ಬಂದರೂ ಕಲ್ಲು ಮಾಡಿ ಕಂಟೈನರಿಗೆ ತುಂಬುವುದು ನಮ್ಮ ಕೆಲಸ. ನಿವೃತ್ತನಾದ ಮೇಲೆ ನಾನೂ ನನ್ನ ಹೆಂಡತಿಯೂ ಜಪಾನಿನ ಒಸಾಕಾದಲ್ಲಿರುವ ಮಗಳ ಮನೆಗೆ ಹೋಗಿದ್ದೆವು. ಕೋಟೆ ನೋಡಿಯಾಯಿತು, ದೇವಸ್ಥಾನ ನೋಡಿಯಾಯಿತು. ‘ಅಪ್ಪ, ಇನ್ನು ನಿಮಗೆ ಬೇಜಾರಾಗುತ್ತದೆ’ ಎಂದು ಮಗಳು ನಮ್ಮಿಬ್ಬರ ಹೆಸರನ್ನೂ ಸುಶಿ ಮಾಡಲು ಕಲಿಸುವ ಒಂದು ತರಗತಿಗೆ ಬರೆಸಿದಳು. ತಲೆಗೆ ಎಂಟು ಸಾವಿರ ಯೆನ್ ಚಿಲ್ಲರೆ. ನಮ್ಮ ರೂಪಾಯಿಗೆ ತಿರುಗಿಸಿ ಲೆಕ್ಕ ಹಾಕಿದ ನನ್ನ ಹೆಂಡತಿ ಅರ್ಧ ದಿನ ಮಗಳ ಜೊತೆ ಮಾತಾಡಲಿಲ್ಲ.

ಒಸಾಕಾದಲ್ಲಿ ಕುರೊಮೊನ್ ಎಂಬ ಹಳೆಯ ಮಾರುಕಟ್ಟೆಯಿದೆ. ಮೇಲೆ ಮಾಡು ಹಾಕಿದ ಉದ್ದದ ಬೀದಿ, ಎರಡೂ ಬದಿ ಮೀನು, ತರಕಾರಿ, ಉಪ್ಪಿನಕಾಯಿ ಅಂಗಡಿಗಳು. ತರಗತಿ ನಡೆದದ್ದು ಅದರ ಹತ್ತಿರದ ಓಣಿಯ ಒಂದು ಮಾಳಿಗೆ ಅಡುಗೆಮನೆಯಲ್ಲಿ. ಕಲಿಸುವವರು ನನ್ನ ವಯಸ್ಸಿನ ಹೆಂಗಸು, ತಲೆಗೆ ಬಿಳಿ ಬಟ್ಟೆ ಕಟ್ಟಿದ್ದರು. ಅವರ ಮಾತನ್ನು ಇಂಗ್ಲಿಷಿಗೆ ತಿರುಗಿಸಲು ಕಾಲೇಜು ಹುಡುಗನೊಬ್ಬ. ನಮ್ಮ ಜೊತೆ ಆಸ್ಟ್ರೇಲಿಯಾದ ಗಂಡ ಹೆಂಡತಿ, ತೈವಾನಿನ ತಾಯಿ ಮಗಳು. ಕೈ ತೊಳೆಸಿದ ರೀತಿ ನೋಡಿಯೇ ನನಗೆ ಗೌರವ ಬಂತು: ಮೊಣಕೈವರೆಗೆ ಸೋಪು, ಉಗುರಿಗೆ ಬ್ರಷ್, ಉಂಗುರ ಬಳೆ ಎಲ್ಲ ಒಂದು ಡಬ್ಬಿಯಲ್ಲಿ. ನಮ್ಮ ಕಾರ್ಖಾನೆಯ ಸಿಗಡಿ ಸುಲಿಯುವ ಹಾಲ್‌ನಲ್ಲಿ ಇದೇ ನಿಯಮಕ್ಕಾಗಿ ನಾನು ಎಷ್ಟು ಜಗಳ ಆಡಿದ್ದೇನೆ ಎಂದು ಅವರಿಗೆ ಹೇಳಬೇಕೆನಿಸಿತು.

ಮೂರು ತಾಸಿನ ತರಗತಿಯಲ್ಲಿ ಮೊದಲ ಒಂದು ತಾಸು ಮೀನಿನ ಸುದ್ದಿಯೇ ಇಲ್ಲ. ಬರೀ ಅನ್ನ. ಅವರ ಅಕ್ಕಿ ಗುಂಡಗೆ, ಗಿಡ್ಡ; ಬೆಂದರೆ ಒಂದಕ್ಕೊಂದು ಅಂಟಿಕೊಳ್ಳುವ ಜಾತಿ. ಅಳೆಯುವ ಲೋಟಕ್ಕೆ ‘ಗೋ’ ಎನ್ನುತ್ತಾರೆ, 180 ಮಿಲಿಲೀಟರ್. ಅಕ್ಕಿ ತೂಗಿದರೆ ಸುಮಾರು 150 ಗ್ರಾಂ. ನೀರು ತಿಳಿಯಾಗುವವರೆಗೆ ತೊಳೆದು, ಅರ್ಧ ತಾಸು ನೆನೆಸಿ, ಬೇಯಿಸುವ ನೀರಿಗೆ ಕೊಂಬು ಎಂಬ ಒಣ ಕಡಲಕಳೆಯ ತುಂಡೊಂದನ್ನು ಹಾಕಿ, ಸ್ವಲ್ಪ ಗಡುಸಾಗಿಯೇ ಇಳಿಸುತ್ತಾರೆ. ಬಿಸಿ ಅನ್ನವನ್ನು ಅಗಲವಾದ ಮರದ ತೊಟ್ಟಿಗೆ ಸುರಿದು, ಅಕ್ಕಿಯ ವಿನೆಗರ್, ಸಕ್ಕರೆ, ಉಪ್ಪು ಕರಗಿಸಿದ ನೀರನ್ನು ಸೌಟಿನ ಮೇಲಿನಿಂದ ಚಿಮುಕಿಸುತ್ತಾರೆ. ಮೂರು ಗೋ ಅಕ್ಕಿಗೆ ವಿನೆಗರ್ ಐದಾರು ಚಮಚ, ನಾವು ಊಟಕ್ಕೆ ಬಳಸುವ ದೊಡ್ಡ ಚಮಚ. ಆಮೇಲೆ ಕಲಸುವಂತಿಲ್ಲ, ಚಪ್ಪಟೆ ಸೌಟನ್ನು ಓರೆಯಾಗಿ ಹಿಡಿದು ಅನ್ನವನ್ನು ಸೀಳಿದಂತೆ ಬಿಡಿಸಬೇಕು, ಅಗುಳು ಮುರಿಯಬಾರದು. ನನಗೆ ಕೊಟ್ಟ ಕೆಲಸ ಬೀಸಣಿಗೆ. ಗಾಳಿ ಹಾಕಿದರೆ ಮೇಲಿನ ಪಸೆ ಆರಿ ಅಗುಳಿಗೆ ಹೊಳಪು ಬರುತ್ತದೆ. ಬರುತ್ತದೆ ನಿಜ, ಎದುರಿಗೇ ಕಂಡಿತು. ಮಬ್ಬಾಗಿದ್ದ ಅನ್ನ ನಾಲ್ಕೈದು ನಿಮಿಷದಲ್ಲಿ ಎಣ್ಣೆ ಸವರಿದ ಹಾಗೆ ಮಿರುಗಿತು. ನನ್ನ ರಟ್ಟೆ ಮಾತ್ರ ಬಿದ್ದುಹೋಯಿತು.

ನಿಮ್ಮ ಪಾಕವಿಧಾನದಲ್ಲಿ ‘ಸೋನಾ ಮಸೂರಿ ಆದರೂ ಆದೀತು’ ಎಂದಿದೆ. ಆಗದು. ಉದುರು ಉದುರಾಗುವ ಅಕ್ಕಿಯಿಂದ ಸುತ್ತಿದ ಸುಶಿ ಕತ್ತಿ ತಾಗಿದ ಕೂಡಲೇ ಚೆಲ್ಲಾಪಿಲ್ಲಿ. ನಮ್ಮ ಕುಚ್ಚಲಕ್ಕಿಯ ಮಾತಂತೂ ಎತ್ತುವುದೇ ಬೇಡ. ಆದರೆ ಇದು ಜಗಳ ಆಡುವಂಥ ವಿಷಯವಲ್ಲ, ಕೆಟ್ಟರೆ ಅನ್ನ ಕೆಡುತ್ತದೆ, ಹೊಟ್ಟೆ ಕೆಡುವುದಿಲ್ಲ.

ಹೊಟ್ಟೆ ಕೆಡುವ ವಿಷಯಕ್ಕೆ ಬರುವ ಮುಂಚೆ ವಿನೆಗರ್‌ಗೆ ಸಲ್ಲಬೇಕಾದ ಮರ್ಯಾದೆ ಸಲ್ಲಿಸಿಬಿಡುತ್ತೇನೆ. ಬೆಂದ ಅನ್ನವನ್ನು ತಾಸುಗಟ್ಟಲೆ ಹೊರಗಿಟ್ಟರೆ ಅದರಲ್ಲಿ ವಾಂತಿ ಬರಿಸುವ ಬ್ಯಾಕ್ಟೀರಿಯಾ ಬೆಳೆಯುತ್ತದೆ. ಹುಳಿಯನ್ನು ಅಳೆಯುವ ಲೆಕ್ಕಕ್ಕೆ ಪಿಎಚ್ ಎನ್ನುತ್ತಾರೆ, ಹುಳಿ ಹೆಚ್ಚಿದಷ್ಟೂ ಅದು ಇಳಿಯುತ್ತದೆ. ವಿನೆಗರ್ ಬಿದ್ದು ಅನ್ನದ ಪಿಎಚ್ 4.6ಕ್ಕಿಂತ ಕೆಳಗಿಳಿದರೆ ಆ ಬ್ಯಾಕ್ಟೀರಿಯಾ ಬೆಳೆಯುವುದಿಲ್ಲ. ಸುಶಿಯ ಅನ್ನವನ್ನು ಫ್ರಿಜ್ಜಿನಲ್ಲಿಟ್ಟರೆ ಗಡುಸಾಗಿ ಕೆಡುತ್ತದೆ, ಹೊರಗೇ ಇಡಬೇಕು. ಹಾಗಾಗಿ ಹುಳಿ ಅಲ್ಲಿ ರುಚಿಗೂ ಆಯಿತು, ಕಾವಲಿಗೂ ಆಯಿತು. ನಿಮ್ಮ ಲೇಖಕರು ಬಹುಶಃ ಈ ವಿಷಯವನ್ನು ಎಲ್ಲೋ ಓದಿ, ಅನ್ನಕ್ಕೆ ಹೇಳಿದ್ದನ್ನು ಮೀನಿಗೂ ಅಂಟಿಸಿಬಿಟ್ಟಿದ್ದಾರೆ. ವಿನೆಗರ್ ಬ್ಯಾಕ್ಟೀರಿಯಾವನ್ನು ತಡೆಯುತ್ತದೆ. ಮೀನಿನ ಮಾಂಸದೊಳಗೆ ಸುರುಳಿ ಸುತ್ತಿ ಮಲಗಿದ ಹುಳಕ್ಕೆ ಅದು ಲೆಕ್ಕಕ್ಕೇ ಇಲ್ಲ.

ಆ ಹುಳದ ಹೆಸರು ಅನಿಸಾಕಿಸ್. ತಿಮಿಂಗಿಲ, ಡಾಲ್ಫಿನ್‌ಗಳ ಹೊಟ್ಟೆಯಲ್ಲಿ ಬೆಳೆದು ನಿಲ್ಲುವ ಜಾತಿ. ಅವುಗಳ ಮಲದ ಜೊತೆ ಮೊಟ್ಟೆ ಸಮುದ್ರಕ್ಕೆ, ಮೊಟ್ಟೆಯಿಂದ ಹೊರಬಂದ ಮರಿ ಸಿಗಡಿಯಂಥ ಸಣ್ಣ ಜೀವಿಯ ಹೊಟ್ಟೆಗೆ, ಅದನ್ನು ತಿಂದ ಮೀನಿನ ಹೊಟ್ಟೆಗೆ. ಎರಡು ಮೂರು ಸೆಂಟಿಮೀಟರ್ ಉದ್ದದ ಬಿಳಿ ದಾರ. ಮೀನು ಜೀವಂತ ಇರುವಾಗ ಹೆಚ್ಚಾಗಿ ಕರುಳಿನ ಸುತ್ತ ಇರುತ್ತದೆ. ಸತ್ತ ಮೇಲೆ ಮಾಂಸಕ್ಕೆ ಸರಿಯುತ್ತದೆ. ಜೀವಂತ ಹುಳ ನಮ್ಮ ಹೊಟ್ಟೆ ಸೇರಿದರೆ ಜಠರದ ಗೋಡೆಗೆ ತಲೆ ಚುಚ್ಚುತ್ತದೆ. ಕೆಲವೇ ತಾಸಿನಲ್ಲಿ ತಾಳಲಾರದ ಹೊಟ್ಟೆನೋವು, ವಾಂತಿ. ವೈದ್ಯರು ಗಂಟಲಿನಿಂದ ಕ್ಯಾಮೆರಾ ಇಳಿಸಿ ಇಕ್ಕಳದಲ್ಲಿ ಹಿಡಿದು ಎಳೆದು ತೆಗೆಯುತ್ತಾರೆ. ಜಪಾನಿನಲ್ಲಿ ಇತ್ತೀಚಿನ ವರ್ಷಗಳಲ್ಲಿ ಸರಕಾರಕ್ಕೆ ವರದಿಯಾಗುವ ಆಹಾರ ವಿಷಬಾಧೆಯ ಪ್ರಕರಣಗಳಲ್ಲಿ ಈ ಹುಳದ್ದೇ ಮುಂಚೂಣಿ. ಸುಶಿ ಹುಟ್ಟಿದ ನಾಡಿನಲ್ಲೇ ಹೀಗೆ.

ನಮ್ಮಲ್ಲಿ ಇಲ್ಲ ಎಂದುಕೊಳ್ಳಬೇಡಿ. ಪಾಂಬೋಲ್, ಅಂದರೆ ರಿಬ್ಬನ್ ಫಿಶ್, ಅದರ ಹೊಟ್ಟೆ ಸೀಳಿದವರನ್ನು ಕೇಳಿ, ಬಿಳಿ ಸುರುಳಿ ನೋಡದವರು ಮೀನು ಇಳಿಸುವ ದಕ್ಕೆಯಲ್ಲಿ ಯಾರೂ ಸಿಗಲಾರರು. ಅದರಿಂದ ನಮಗೆ ಏನೂ ಆಗದೆ ಇರಲು ಕಾರಣ ನಮ್ಮ ಮೀನಿನ ಶ್ರೇಷ್ಠತೆ ಅಲ್ಲ. ನಮ್ಮ ಅಮ್ಮಂದಿರು ಗಸಿಯನ್ನು ಕೊತಕೊತ ಕುದಿಸುತ್ತಾರೆ. ಮೀನಿನ ಒಳಭಾಗ 60 ಡಿಗ್ರಿಯಲ್ಲಿ ಒಂದು ನಿಮಿಷ ನಿಂತರೆ ಹುಳ ಸತ್ತಿತು. ಹಸಿಯಾಗಿ ತಿನ್ನಲು ಹೊರಟ ದಿನ ಆ ಕಾವಲು ಹೋಯಿತು.

ಈಗ ತರಗತಿಗೆ ಬರುತ್ತೇನೆ. ಒಸಾಕಾದವರಿಗೆ ಕೈಯಲ್ಲಿ ಒತ್ತಿದ ಸುಶಿಗಿಂತ ಮರದ ಅಚ್ಚಿನಲ್ಲಿ ಒತ್ತಿದ ಸುಶಿಯ ಮೇಲೆ ಹಳೆಯ ಅಭಿಮಾನ. ಕೈಯಲ್ಲಿ ಒತ್ತುವುದು 19ನೇ ಶತಮಾನದ ಆರಂಭದಲ್ಲಿ ಎಡೊ, ಅಂದರೆ ಇಂದಿನ ಟೋಕಿಯೊದ ಬೀದಿ ಗೂಡಂಗಡಿಗಳಲ್ಲಿ ಬಳಕೆಗೆ ಬಂದದ್ದು. ಅಚ್ಚಿನ ಸುಶಿಗಳಲ್ಲಿ ‘ಬತ್ತೆರಾ’ ಎನ್ನುವುದು ಒಸಾಕಾದ್ದು. ಅದಕ್ಕೆ ಹಾಕುವ ಮೀನು ‘ಸಬಾ’. ಸಬಾ ಎಂದರೆ ನಮ್ಮ ಬಂಗುಡೆಯ ಬಳಗವೇ. ಜಾತಿ ಬೇರೆ, ಸ್ವಲ್ಪ ಉದ್ದ, ಬೆನ್ನಿನ ಮೇಲೆ ಅಲೆ ಅಲೆಯಾಗಿ ಗೆರೆ, ಕೊಬ್ಬು ಹೆಚ್ಚು. ಹಿಂದೆ ವಕಾಸಾ ಕೊಲ್ಲಿಯಲ್ಲಿ ಹಿಡಿದ ಸಬಾಕ್ಕೆ ಉಪ್ಪು ಹಚ್ಚಿ, ಹೊತ್ತುಕೊಂಡು ಬೆಟ್ಟ ದಾಟಿ ಕ್ಯೋಟೊ ಮುಟ್ಟಿಸುತ್ತಿದ್ದರಂತೆ. ಆ ದಾರಿಗೆ ಈಗಲೂ ಸಬಾ ದಾರಿ ಎಂದೇ ಹೆಸರು. ಘಟ್ಟ ಹತ್ತಿದ ನಮ್ಮ ಒಣಮೀನಿನ ಕತೆ ಗೊತ್ತಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಬತ್ತೆರಾ ಮಾಡುವ ಹೊತ್ತಿಗೆ ನಮಗೆ ಕಲಿಸುತ್ತಿದ್ದ ಆ ತಾಯಿ ಫ್ರಿಜ್ಜಿನಿಂದ ಒಂದು ಪ್ಲಾಸ್ಟಿಕ್ ಪೊಟ್ಟಣ ತಂದು ಮೇಜಿನ ಮೇಲೆ ಇಟ್ಟರು. ಒಳಗೆ ಬಂಗುಡೆಯ ಎರಡು ಸೀಳು, ಮುಳ್ಳು ತೆಗೆದದ್ದು. ಹೊರಗೆ ಮಾರ್ಕರಿನಲ್ಲಿ ಎರಡು ದಿನಾಂಕ ಬರೆದಿದ್ದರು. ಒಂದು ಫ್ರೀಜರಿಗೆ ಹಾಕಿದ್ದು, ಇನ್ನೊಂದು ಹೊರಗೆ ತೆಗೆದು ಕರಗಲು ಇಟ್ಟದ್ದು. ಆಸ್ಟ್ರೇಲಿಯಾದ ಮಹಾಶಯರಿಗೆ ನಿರಾಸೆಯಾಯಿತು. ಪಕ್ಕದಲ್ಲೇ ಮಾರುಕಟ್ಟೆ ಇರುವಾಗ ತಾಜಾ ಯಾಕಿಲ್ಲ ಎಂದು ಕೇಳಿದರು. ಹುಡುಗ ಅದನ್ನು ಜಪಾನಿ ಭಾಷೆಗೆ ತಿರುಗಿಸಿ ಮುಗಿಸುವುದರೊಳಗೆ ಆ ತಾಯಿ ಇಲ್ಲ ಇಲ್ಲ ಎಂದು ಕೈಯಾಡಿಸಿದರು. ಈ ಪ್ರಶ್ನೆ ಅವರಿಗೆ ಹೊಸದಲ್ಲ ಎನ್ನುವುದು ಕೈಯಲ್ಲೇ ಗೊತ್ತಾಯಿತು. ಉಪ್ಪಿಗೂ ಸಾಯುವುದಿಲ್ಲ, ವಿನೆಗರಿಗೂ ಸಾಯುವುದಿಲ್ಲ, ಸೋಯಾ ಸಾಸಿಗೂ ವಸಾಬಿ ಎಂಬ ಅವರ ಖಾರಕ್ಕೂ ಸಾಯುವುದಿಲ್ಲ. ಮೈನಸ್ 20 ಡಿಗ್ರಿಯಲ್ಲಿ 24 ತಾಸು ಇಟ್ಟರೆ ಸಾಯುತ್ತದೆ ಎಂದರು. ಅದು ಅವರ ಸ್ವಂತ ಮಾತಲ್ಲ, ಜಪಾನಿನ ಆರೋಗ್ಯ ಸಚಿವಾಲಯವೇ ಜನರಿಗೆ ಹೇಳುವ ಮಾತು. ಉಪ್ಪು ಹಚ್ಚಿ ವಿನೆಗರ್‌ನಲ್ಲಿ ನೆನೆಸಿದ ಸಬಾ ತಿಂದೇ ಅಲ್ಲಿ ಬಹಳ ಜನ ಆಸ್ಪತ್ರೆ ಸೇರುವುದು. ನಿಮ್ಮ ಪುರವಣಿ ಹೇಳಿಕೊಟ್ಟದ್ದು ಅಕ್ಷರಶಃ ಆ ತಿಂಡಿಯನ್ನೇ, ಆ ಪೊಟ್ಟಣದ ಮೇಲಿನ ಎರಡು ದಿನಾಂಕಗಳನ್ನು ಬಿಟ್ಟು.

ನನ್ನ ಬಾಯಿ ಸುಮ್ಮನಿರಲಿಲ್ಲ. ನಾನೂ ಫ್ರೀಜಿಂಗಿನವನೇ ಎಂದು ಹುಡುಗನ ಕೈಯಲ್ಲಿ ಹೇಳಿಸಿದೆ. ಎಷ್ಟು ಡಿಗ್ರಿ ಎಂದು ಕೇಳಿದರು. ಮೈನಸ್ 40 ಎಂದೆ. ‘ಓ’ ಎಂದು ಉದ್ದಕ್ಕೆ ರಾಗ ಎಳೆದು, ಅಲ್ಲಿಂದ ಮುಂದೆ ಬಂಗುಡೆಯ ಪಾಠ ನಡೆಯುವಷ್ಟು ಹೊತ್ತೂ ನನ್ನ ಮುಖ ನೋಡಿಯೇ ಮಾತಾಡಿದರು. ತೈವಾನಿನ ಹುಡುಗಿಗೆ ಬೇಸರವಾಗಿರಬೇಕು.

ಸೀಳಿನ ತಲೆಯ ಕಡೆಯಿಂದ ಹಿಡಿದು ಮೇಲಿನ ತೆಳು ಪೊರೆಯನ್ನು ಬಾಲದವರೆಗೆ ಒಂದೇ ಎಳೆತಕ್ಕೆ ಸುಲಿಯಬೇಕು. ಬೆಳ್ಳಿಯ ಬಣ್ಣ ಮೀನಿನಲ್ಲೇ ಉಳಿಯಬೇಕು. ನಡುವಿನ ಸಣ್ಣ ಮುಳ್ಳುಗಳನ್ನು ಬೆರಳಿನಲ್ಲಿ ತಡವಿ ಚಿಮಟದಲ್ಲಿ ಕೀಳಬೇಕು, ತಲೆಯ ಕಡೆಗೆ ವಾಲಿಸಿ ಎಳೆದರೆ ಮಾಂಸ ಹರಿಯುವುದಿಲ್ಲ. ಅಚ್ಚನ್ನು ವಿನೆಗರ್ ನೀರಿನಲ್ಲಿ ಒದ್ದೆ ಮಾಡಿ, ಮೀನನ್ನು ಮಗುಚಿ ಹಾಸಿ, ಮೇಲೆ ಅನ್ನ ತುಂಬಿ, ಮುಚ್ಚಳ ಇಟ್ಟು ಎರಡೂ ಹೆಬ್ಬೆರಳಿನಲ್ಲಿ ಒತ್ತಬೇಕು. ತಿರುಗಿಸಿ ತೆಗೆದರೆ ಇಟ್ಟಿಗೆಯ ಆಕಾರ. ಅದರ ಮೇಲೆ ಗಾಜಿನ ಹಾಗೆ ಆಚೆ ಕಾಣುವ ತೆಳ್ಳನೆಯ ಕೊಂಬು ಹಾಳೆ. ಕತ್ತರಿಸುವ ಕತ್ತಿ ಒಂದೇ ಬದಿ ಮಸೆದದ್ದು, ಪಕ್ಕದ ಸಕಾಯಿ ಊರಿನಲ್ಲಿ ಮಾಡಿದ್ದು. ಪ್ರತಿ ತುಂಡಿಗೂ ಒದ್ದೆ ಬಟ್ಟೆಯಲ್ಲಿ ಒರೆಸಿ, ಗರಗಸದ ಹಾಗೆ ಆಡಿಸದೆ ತನ್ನ ಕಡೆಗೆ ಒಂದೇ ಸಲ ಎಳೆಯುವುದು. ತಿಂದೆ. ರುಚಿಯಾಗಿತ್ತು. ಬಂಗುಡೆಯನ್ನು ಖಾರ ಇಲ್ಲದೆ ತಿನ್ನಬಹುದು ಎಂದು ಯಾರಾದರೂ ಮೊದಲು ಹೇಳಿದ್ದರೆ ನಗುತ್ತಿದ್ದೆ.

ಕೆಲವರು ನನಗೆ ಉತ್ತರ ಬರೆಯುತ್ತಾರೆ, ಗೊತ್ತು: ಜಪಾನಿನಲ್ಲೇ ಫುಕುಓಕಾ ಕಡೆ ಫ್ರೀಜ್ ಮಾಡದ ಹಸಿ ಸಬಾವನ್ನೇ ಎಳ್ಳು ಹಾಕಿ ತಿನ್ನುತ್ತಾರಲ್ಲ ಎಂದು. ತಿನ್ನುತ್ತಾರೆ. ಆ ಕಡೆಯ ಸಮುದ್ರದಲ್ಲಿ ಹೆಚ್ಚಾಗಿ ಸಿಗುವ ಹುಳ ಅನಿಸಾಕಿಸ್‌ನ ಬೇರೊಂದು ಜಾತಿ, ಅದು ಕರುಳು ಬಿಟ್ಟು ಮಾಂಸಕ್ಕೆ ಸರಿಯುವುದು ಕಡಿಮೆ. ಶಾಂತ ಸಾಗರದ ಕಡೆಯದ್ದು ಹಾಗಲ್ಲ. ಒಂದೇ ದೇಶದ ಎರಡು ತೀರಕ್ಕೆ ಒಂದೇ ಮಾತು ನಡೆಯದಿರುವಾಗ ಅರಬ್ಬಿ ಸಮುದ್ರದ ಬಂಗುಡೆಗೆ ಅದನ್ನು ಹೇಗೆ ಅನ್ವಯಿಸುತ್ತೀರಿ? ಸಾಲ್ಮನ್ ಕತೆಯೂ ಇಂಥದ್ದೇ. ಈಗ ಸುಶಿ ಎಂದರೆ ಎಲ್ಲರ ಕಣ್ಣಿಗೆ ಬರುವ ಆ ಕಿತ್ತಳೆ ಬಣ್ಣದ ಮೀನನ್ನು ಜಪಾನಿನವರು ಹಿಂದೆ ಹಸಿಯಾಗಿ ಮುಟ್ಟುತ್ತಿರಲಿಲ್ಲ. ಅವರ ಕಡಲಿನ ಸಾಲ್ಮನ್‌ನಲ್ಲಿ ಹುಳ ಇದೆ ಎಂದು ಅವರಿಗೆ ಗೊತ್ತಿತ್ತು. 1980ರ ದಶಕದಲ್ಲಿ ನಾರ್ವೆಯವರು ಪಂಜರದಲ್ಲಿ ಸಾಕಿದ, ತಯಾರಿಸಿದ ತಿನಿಸನ್ನೇ ತಿಂದು ಬೆಳೆದ ಸಾಲ್ಮನ್ ತಂದು, ವರ್ಷಗಟ್ಟಲೆ ಬೆನ್ನುಬಿದ್ದು ಒಪ್ಪಿಸಿದರು. ಹುಳವಿರುವ ಆಹಾರ ತಿನ್ನದ ಮೀನಿನಲ್ಲಿ ಹುಳ ಎಲ್ಲಿಂದ ಬರಬೇಕು? ಇನ್ನು ಟ್ಯೂನ, ದೂರ ಸಾಗರಕ್ಕೆ ಹೋಗುವ ಹಡಗುಗಳಲ್ಲೇ ಅದನ್ನು ಮೈನಸ್ 60ಕ್ಕೆ ಇಳಿಸಿ ದಡಕ್ಕೆ ತರುತ್ತಾರೆ. ಸುಶಿ ಅಂಗಡಿಯಲ್ಲಿ ‘ಈಗಷ್ಟೇ ಸಮುದ್ರದಿಂದ ಎದ್ದು ಬಂದಂತಿದೆ’ ಎಂದು ಹೊಗಳಿ ತಿನ್ನುವ ಟ್ಯೂನ ಎಷ್ಟೋ ಸಲ ತಿಂಗಳುಗಟ್ಟಲೆ ಕಲ್ಲಾಗಿದ್ದದ್ದು.

ನಮ್ಮ ಜನಕ್ಕೆ ಫ್ರೀಜ್ ಮಾಡಿದ ಮೀನೆಂದರೆ ತಾತ್ಸಾರ. ಮೂವತ್ತು ಚಿಲ್ಲರೆ ವರ್ಷ ಆ ತಾತ್ಸಾರವನ್ನು ಕೇಳಿಸಿಕೊಂಡವನು ನಾನು. ‘ಐಸ್ ಮೀನು ಬೇಡ ಮಾರಾಯ್ರೆ, ಫ್ರೆಶ್ ಉಂಟಾ?’ ಗಸಿಗೆ, ಹುರಿಯುವುದಕ್ಕೆ ಸರಿ, ಕೇಳಿ. ಹಸಿ ತಿನ್ನುವುದಕ್ಕೆ ಆ ಲೆಕ್ಕ ಪೂರ್ತಿ ತಲೆಕೆಳಗು. ಬೆಂಗಳೂರಿನಲ್ಲೋ ಮಂಗಳೂರಿನಲ್ಲೋ ಸುಶಿ ಹೋಟೆಲಿಗೆ ಹೋದರೆ ಈ ಮೀನು ಫ್ರೀಜ್ ಆಗಿದ್ದೇ ಎಂದು ಕೇಳಿ. ‘ಛೆ ಛೆ, ಇವತ್ತು ಬೆಳಿಗ್ಗೆ ದಕ್ಕೆಯಿಂದ ತಂದದ್ದು’ ಎಂದು ಹೆಮ್ಮೆಯಿಂದ ಹೇಳಿದರೆ ಬಿಲ್ ಆಗುವ ಮೊದಲೇ ಎದ್ದು ಬನ್ನಿ.

ಹಾಗಾದರೆ ಮನೆಯ ಫ್ರಿಜ್ಜಿನ ಮೇಲಿನ ಖಾನೆಯಲ್ಲಿ ಒಂದು ರಾತ್ರಿ ಇಟ್ಟರೆ ಆಯಿತಲ್ಲ ಎನ್ನುವವರಿಗೂ ಒಂದು ಮಾತು. ಆಗುವುದಿಲ್ಲ. ಮನೆಯ ಫ್ರೀಜರ್ ಚೆನ್ನಾಗಿದ್ದರೆ ಮೈನಸ್ 18ರ ಆಸುಪಾಸು. ಬಾಗಿಲು ತೆರೆದಾಗ, ಕರೆಂಟು ಹೋದಾಗ ಅದೂ ಇಲ್ಲ. ಅಮೆರಿಕದ ನಿಯಮ ಇನ್ನೂ ಬಿಗಿ: ಮೈನಸ್ 20ರಲ್ಲಿ ಏಳು ದಿನ, ಇಲ್ಲವೇ ಮೈನಸ್ 35ರಲ್ಲಿ ಗಟ್ಟಿಯಾದ ಮೇಲೆ ಅಲ್ಲೇ 15 ತಾಸು. ಲೆಕ್ಕ ಹಿಡಿಯಬೇಕಾದದ್ದು ಮೀನಿನ ನಟ್ಟನಡುವಿನ ತಾಪಮಾನ, ಡಬ್ಬಿಯದ್ದಲ್ಲ. ಕಾರ್ಖಾನೆಯಲ್ಲಿ ನಾವು ಟ್ರೇಗಳನ್ನು ಪ್ಲೇಟ್ ಫ್ರೀಜರಿನ ಹಲಗೆಗಳ ನಡುವೆ ಒತ್ತಿ ಇಡುತ್ತಿದ್ದೆವು. ಒಂದೂವರೆ ಎರಡು ತಾಸಿಗೆ ಬ್ಲಾಕ್ ಕಲ್ಲು. ಆದರೂ ನಂಬುತ್ತಿರಲಿಲ್ಲ. ಡ್ರಿಲ್ಲಿನಲ್ಲಿ ಬ್ಲಾಕಿನ ಮಧ್ಯಕ್ಕೆ ತೂತು ಕೊರೆದು, ಥರ್ಮಾಮೀಟರ್ ತೂರಿಸಿ, ಮೈನಸ್ 18 ಮುಟ್ಟಿದೆ ಎಂದು ಕಣ್ಣಾರೆ ಕಂಡ ಮೇಲೆಯೇ ಕೋಲ್ಡ್ ಸ್ಟೋರೇಜಿಗೆ ಬಿಡುವುದು. ಮನೆಯಲ್ಲಿ ನಿಧಾನಕ್ಕೆ ಹೆಪ್ಪುಗಟ್ಟಿದ ಮೀನಿನೊಳಗೆ ದೊಡ್ಡ ದೊಡ್ಡ ಮಂಜಿನ ಹರಳು ಬೆಳೆದು ಮಾಂಸ ಹರಿಯುತ್ತದೆ, ಕರಗಿಸಿದಾಗ ನೀರು ಬಿಟ್ಟು ಮುದ್ದೆಯಾಗುತ್ತದೆ. ಗಸಿಗೆ ಹಾಕಿದರೆ ತಿಳಿಯಲಿಕ್ಕಿಲ್ಲ, ಹಸಿ ತಿಂದರೆ ಬಾಯಲ್ಲಿ ಒದ್ದೆ ಹತ್ತಿ.

ಹುಳದ ಜೊತೆಗೆ ಇನ್ನೊಂದಿದೆ, ಅದಕ್ಕೆ ಫ್ರೀಜರೂ ಮದ್ದಲ್ಲ. ಬಂಗುಡೆ, ಬೂತಾಯಿ, ಕೇದರ ಇವೆಲ್ಲ ಬಿಸಿಲಿನಲ್ಲಿ ಬಿದ್ದಿದ್ದರೆ ಅವುಗಳಲ್ಲಿ ಹಿಸ್ಟಮಿನ್ ಎಂಬ ವಸ್ತು ಹುಟ್ಟುತ್ತದೆ. ತಿಂದ ಸ್ವಲ್ಪ ಹೊತ್ತಿಗೆ ಮುಖ ಕೆಂಪು, ಮೈಯೆಲ್ಲ ತುರಿಕೆ, ತಲೆನೋವು. ಒಮ್ಮೆ ಹುಟ್ಟಿತೆಂದರೆ ಬೇಯಿಸಿದರೂ ಹೋಗದು, ಹೆಪ್ಪುಗಟ್ಟಿಸಿದರೂ ಹೋಗದು. ನಮ್ಮ ದೊಡ್ಡ ಟ್ರಾಲ್ ಬೋಟುಗಳು ಎಂಟು ಹತ್ತು ದಿನ ಸಮುದ್ರದಲ್ಲೇ ಇದ್ದು ಬರುತ್ತವೆ. ಮೀನಿನ ತೂಕಕ್ಕೆ ಸಮ ತೂಕ ಐಸ್ ಹಾಕಿ ತಂದವರದ್ದು ಚೆನ್ನಾಗಿಯೇ ಇರುತ್ತದೆ. ಆದರೆ ಬೋಟಿನಿಂದ ಇಳಿದ ಮೇಲೆ ಹರಾಜಿನ ನೆಲ, ಟೆಂಪೊ, ಬುಟ್ಟಿ, ಸ್ಕೂಟರ್. ನಡುವೆ ಐಸ್ ಎಷ್ಟು ಸಲ ತಪ್ಪಿತು ಎಂದು ಯಾರು ಬರೆದಿಡುತ್ತಾರೆ? ‘ಬೆಳಿಗ್ಗೆ ಮಾರುಕಟ್ಟೆಗೆ ಬಂದ ತಾಜಾ’ ಎಂದು ನೀವು ಬರೆದ ಮೀನಿನ ವಯಸ್ಸು ಮಾರುವವರಿಗೂ ಗೊತ್ತಿರುವುದಿಲ್ಲ. ಜಪಾನಿನ ಅಂಗಡಿಯಲ್ಲಿ ಹಸಿ ತಿನ್ನುವ ಮೀನಿನ ಪೊಟ್ಟಣಕ್ಕೆ ಹಾಗೆಂದು ಬೇರೆಯೇ ಚೀಟಿ ಅಂಟಿಸಿರುತ್ತಾರೆ, ಬೇಯಿಸುವುದಕ್ಕೆ ಬೇರೆ. ನಮ್ಮ ಮೀನು ಮಾರುಕಟ್ಟೆಯಲ್ಲಿ ಇರುವ ಮೀನೆಲ್ಲ ಬೇಯಿಸುವುದಕ್ಕೇ ಬಂದದ್ದು. ಅದರಲ್ಲಿ ಅವಮಾನವೇನೂ ಇಲ್ಲ.

ಇಷ್ಟು ಹೇಳಿದ ಮೇಲೆ ಸುಶಿ ಮಾಡಲೇಬೇಡಿ ಎನ್ನುತ್ತಿದ್ದೇನೆ ಎಂದುಕೊಳ್ಳಬೇಡಿ. ಆ ಮೂರು ತಾಸಿನಲ್ಲಿ ಕಲಿತದ್ದರಲ್ಲಿ ಅರ್ಧಕ್ಕೆ ಹಸಿ ಮೀನೇ ಇರಲಿಲ್ಲ. ಅದಕ್ಕೆ ನನ್ನ ಹೆಂಡತಿಗೆ ಧನ್ಯವಾದ. ತರಗತಿ ಬಿದ್ದದ್ದು ಶನಿವಾರ. ಶನಿವಾರ ಅವಳು ಮೀನು ಮುಟ್ಟುವವಳಲ್ಲ, ಮೊಟ್ಟೆಯೂ ಇಲ್ಲ, ಸಮುದ್ರ ದಾಟಿದರೂ ಶನಿವಾರ ಶನಿವಾರವೇ. ಮಗಳು ಮೊದಲೇ ತಿಳಿಸಿದ್ದಳು. ಜಪಾನಿನಲ್ಲಿ ಇದು ಸುಲಭದ ಮಾತಲ್ಲ, ಕಣ್ಣಿಗೆ ತರಕಾರಿಯಾಗಿ ಕಾಣುವ ಪದಾರ್ಥವನ್ನೂ ಒಣ ಮೀನಿನ ಸಾರಿನಲ್ಲಿ ಬೇಯಿಸಿರುತ್ತಾರೆ. ಆ ತಾಯಿ ಅವಳೊಬ್ಬಳಿಗಾಗಿ ಕೊಂಬು ಮತ್ತು ಒಣ ಅಣಬೆ ನೆನೆಸಿದ ನೀರಿನಲ್ಲಿ ಸೋಯಾ ಸಾಸ್, ಸಕ್ಕರೆ ಹಾಕಿ ತೋಫುವಿನ, ಅಂದರೆ ಸೋಯಾ ಹಾಲಿನ ಪನೀರಿನ, ಕರಿದ ಚೀಲಗಳನ್ನು ಬೇಯಿಸಿಟ್ಟಿದ್ದರು. ಆ ಚೀಲದೊಳಗೆ ಅನ್ನ ತುಂಬಿದರೆ ಇನಾರಿ. ಹುಳಿ ಸಿಹಿ ಎರಡೂ ಇದ್ದು, ಮಕ್ಕಳು ಬಿಡದೆ ತಿನ್ನುವಂಥದ್ದು.

ನೋರಿ ಎಂಬ ಒಣ ಕಡಲಕಳೆಯ ಹಾಳೆಯಲ್ಲಿ ಸುತ್ತುವ ಹೊತ್ತಿಗೆ ಬಿದಿರಿನ ಚಾಪೆ ಕೈಗೆ ಕೊಟ್ಟರು. ಹಾಳೆಯ ಒರಟು ಬದಿ ಮೇಲೆ ಬರಬೇಕು, ಆಚೆ ತುದಿಯಲ್ಲಿ ಒಂದು ಬೆರಳು ಜಾಗ ಬಿಟ್ಟು ಅನ್ನವನ್ನು ಒತ್ತದೆ ಹರಡಬೇಕು, ನಡುವೆ ಸೌತೆಯ ಕಡ್ಡಿ. ನಮ್ಮದೆಲ್ಲ ಬಾಯಿ ಬಿಟ್ಟುಕೊಂಡವು. ನನ್ನ ಹೆಂಡತಿ ಒಂದೇ ಸಲಕ್ಕೆ ಬಿಗಿಯಾಗಿ ಸುತ್ತಿ ಇಟ್ಟಳು. ‘ಇದು ಪತ್ರೊಡೆ ಸುತ್ತಿದ ಹಾಗೇ ಅಲ್ವಾ ಮಾರಾಯ್ರೆ, ಇದಕ್ಕೆಂತ ಕ್ಲಾಸು’ ಎಂದಳು. ಅದನ್ನು ಅನುವಾದಿಸು ಎಂದು ಹುಡುಗ ಪೀಡಿಸಿದ. ನಾನು ಬೇರೇನೋ ಹೇಳಿ ಜಾರಿಕೊಂಡೆ.

ಬೇಯಿಸಿದ ಸಿಗಡಿಯ ಸುಶಿಯನ್ನಂತೂ ನಮ್ಮ ಊರಿನಲ್ಲಿ ಧಾರಾಳವಾಗಿ ಮಾಡಬಹುದು. ಸಿಪ್ಪೆ ಸಮೇತ, ಹೊಟ್ಟೆಯ ಬದಿಯಲ್ಲಿ ತಲೆಯಿಂದ ಬಾಲದವರೆಗೆ ಬಿದಿರಿನ ಕಡ್ಡಿ ತೂರಿಸಿ ಉಪ್ಪುನೀರಿನಲ್ಲಿ ಬೇಯಿಸಬೇಕು. ಕಡ್ಡಿ ಇಲ್ಲದಿದ್ದರೆ ಸುರುಟಿಕೊಳ್ಳುತ್ತದೆ. ತಣ್ಣೀರಿಗೆ ಹಾಕಿ, ಕಡ್ಡಿಯನ್ನು ತಿರುವುತ್ತಾ ಹೊರಗೆಳೆದು, ಸುಲಿದು, ಹೊಟ್ಟೆಯ ಕಡೆಯಿಂದ ಸೀಳಿ ಪುಸ್ತಕದಂತೆ ಬಿಡಿಸಿ, ಬೆನ್ನಿನ ಕಪ್ಪು ನರ ತೆಗೆದು ಅನ್ನದ ಮೇಲೆ ಕೂರಿಸುವುದು. ‘ಏಡಿ ಕಡ್ಡಿ’ ಎಂದು ಸುಶಿಯಲ್ಲಿ ಹಾಕುವ ಕೆಂಪು ಬಿಳಿ ಪಟ್ಟಿಯೂ ಬೆಂದದ್ದೇ. ಅದರಲ್ಲಿ ಏಡಿಗಿಂತ ಮೀನಿನ ಹಿಟ್ಟೇ ಜಾಸ್ತಿ, ಸುರಿಮಿ ಎನ್ನುತ್ತಾರೆ. ನಮ್ಮ ರಾಣಿ ಮೀನು, ತುಳುವಿನ ಮದ್ಮಲ್, ಊರಲ್ಲಿ ಹೆಚ್ಚು ಬೆಲೆ ಇಲ್ಲದ್ದು, ಕರಾವಳಿಯ ಕಾರ್ಖಾನೆಗಳಲ್ಲಿ ತೊಳೆದು ರುಬ್ಬಿ ಹತ್ತು ಕಿಲೋ ಬ್ಲಾಕ್ ಆಗಿ ಹಡಗು ಹತ್ತುವುದು ಇದಕ್ಕೇ. ಜಪಾನಿಗೂ ಹೋಗುತ್ತದೆ. ನಾನು ಇದನ್ನು ಹೇಳಿದಾಗ ಆ ತಾಯಿ ಕೈಯಲ್ಲಿದ್ದ ಪಟ್ಟಿಯನ್ನೇ ತಿರುಗಿಸಿ ತಿರುಗಿಸಿ ನೋಡಿದರು.

ಪತ್ರ ಉದ್ದವಾಯಿತು, ನಿಮ್ಮಲ್ಲಿ ಜಾಗ ಕಡಿಮೆ ಎಂದು ಗೊತ್ತು. ಕತ್ತರಿ ಹಾಕುವುದಾದರೆ ಅನ್ನ, ಬೀಸಣಿಗೆ, ನನ್ನ ಹೆಂಡತಿಯ ಪತ್ರೊಡೆ ಎಲ್ಲಕ್ಕೂ ಹಾಕಿ. ಮೈನಸ್ ಡಿಗ್ರಿ ಇರುವ ಸಾಲುಗಳನ್ನು ಮಾತ್ರ ಮುಟ್ಟಬೇಡಿ. ಈ ಪತ್ರ ಹಾಕದಿದ್ದರೂ ಅಡ್ಡಿಯಿಲ್ಲ, ತಿದ್ದುಪಡಿ ಹಾಕಿ. ಅದೂ ಒಳಪುಟದ ಮೂಲೆಯಲ್ಲಿ ಬೇಡ. ಪುರವಣಿಯ ಅಡುಗೆ ಪುಟವನ್ನು ಕತ್ತರಿಸಿ ಫೈಲು ಮಾಡಿಡುವವರು ನಮ್ಮ ಬೀದಿಯಲ್ಲೇ ಇದ್ದಾರೆ; ಅವರ ಕೈಗೆ ಸಿಗಬೇಕಾದರೆ ಬರುವ ಭಾನುವಾರ ಅದೇ ಪುಟದಲ್ಲಿ, ಅದೇ ಅಳತೆಯ ಅಕ್ಷರದಲ್ಲಿ, ‘ಬಂಗುಡೆ, ಅಂಜಲ್ ಹಸಿಯಾಗಿ ತಿನ್ನಬೇಡಿ, ವಿನೆಗರ್‌ನಿಂದ ಹುಳ ಸಾಯುವುದಿಲ್ಲ’ ಎಂದು ಬರಬೇಕು. ಕೆಳಗೆ ಸಿಗಡಿಯದ್ದೋ ಇನಾರಿಯದ್ದೋ ಪಾಕವಿಧಾನ ಕೊಟ್ಟರೆ ಓದುಗರಿಗೂ ಬೇಸರವಿಲ್ಲ. ಅಳತೆ ಬೇಕಿದ್ದರೆ ಪತ್ರದ ಜೊತೆ ಇರುವ ವಿಳಾಸಕ್ಕೆ ಬರೆಯಿರಿ, ಹೆಂಡತಿಯ ಬಳಿ ಬರೆದಿಟ್ಟದ್ದಿದೆ.

ಇಂತಿ,
ನಿಮ್ಮ ಹಳೆಯ ಓದುಗ
(ನಿವೃತ್ತ ಫ್ರೀಜಿಂಗ್ ಮೇಲ್ವಿಚಾರಕ), ಮಲ್ಪೆ